ನಾಲ್ಕನೇ ಸಾಲು

ಡಿಸೆಂಬರ್ ಮೂವತ್ತೊಂದು, ರಾತ್ರಿ ಒಂಬತ್ತೂವರಿ.
ಬೈನಾಕ್ಕ ಇಳಿಯೂ ತಿರುವಿನಾಗ ರಸ್ತೆಗೆ ಅಡ್ಡ ಒಂದು ಹಗ್ಗ.
ಸ್ಕೂಟರ್ ಗಕ್ಕನೆ ನಿಂತಿತು. ಹಿಂದ ಕೂತ ನೀಲಗಂಗಾ
ನನ್ನ ಬೆನ್ನಿಗೆ ಮೂಗು ಬಡಿಸಿಕೊಂಡು ಬೈದಳು.

ಹಗ್ಗದ ಆಚೆ, ಪ್ಲಾಸ್ಟಿಕ್ ಕುರ್ಚಿ ಮ್ಯಾಲ, ಹಳೇ ವರ್ಷದ ಮುದುಕ:
ಹೊಟ್ಟಿ ತುಂಬ ಹುಲ್ಲು, ಹುಲ್ಲಿನೊಳಗ ಪಟಾಕಿ,
ತೆಂಗಿನ ನಾರಿನ ಗಡ್ಡ, ಕೈಯಾಗ ಖಾಲಿ ಫೆನಿ ಬಾಟ್ಲಿ,
ಯಾರೋ ಬಂದರಿನ ಹಮಾಲನ ಪ್ಯಾಂಟು, ಗುಂಡಿ ಇಲ್ಲ.
ಹನ್ನೆರಡಕ್ಕ ಸುಡ್ತಾರ. ಅಲ್ಲೀತನಕ ಅವನ ಹೆಸರಿಗೆ ವಸೂಲಿ.

ಹುಡುಗರು ರೊಕ್ಕ ಕೇಳಿದವು,
ಕೊಂಕಣಿಯಾಗ ಒಮ್ಮೆ, ಹಿಂದಿಯಾಗ ಒಮ್ಮೆ,
ಇಳಕಲ್ ಸೀರಿ ಕಂಡ ಮ್ಯಾಲ ನಮ್ಮ ಮಾತಿನಾಗ.
ಹಿಂದ ಅವರಪ್ಪಂದಿರು, ಎಣ್ಣಿಡಬ್ಬಿ ಬಡಿಯುತ್ತ:

  ಬಂದಿತು ಬಂದಿತು ಚಳಿಗಾಲ
  ಅಜ್ಜನ ಕಚ್ಚೆಗೆ ಗಂಟಿಲ್ಲ
  ಅಜ್ಜಿಯ ಕೌದಿಯ ಒಳಗೋಡಿ
  ಹಿಡಿದನು ಬೆಕ್ಕಿನ ಬಿಸಿಬಾಲ

ಮೊದಲನೇ ಸಾಲು ನನ್ನದು.
ಇಪ್ಪತ್ತಾರು ವರ್ಷದ ಹಿಂದ, ತಗಡಿನ ಕನ್ನಡ ಶಾಲೆಯಾಗ,
ನಾತಾಳ ರಜಾದ ಮೊದಲ ಸಾಹೇಬರು ಬರ್ತಾರಂತ
ಎರಡು ರಾತ್ರಿ ಕೂತು ಬರೆದದ್ದು:

  ಬಂದಿತು ಬಂದಿತು ಚಳಿಗಾಲ
  ಬೆಚ್ಚನೆ ಹೊದಿಕೆಯ ಹೊದೆಯೋಣ
  ಅಜ್ಜನು ತರುವನು ಸಿಹಿತಿಂಡಿ
  ಶಿಸ್ತಿನಿಂದ ನಾವು ಹಂಚಿ ತಿನ್ನೋಣ

ಗೋವಾದ ಚಳಿ ಅಂದ್ರ ಫ್ಯಾನು ಐದರಿಂದ ಮೂರಕ್ಕ ಇಳಿಸೂ ಚಳಿ.
ಹೊದಿಕಿ ಎಲ್ಲಿಂದ ತಂದಿದ್ನೋ.
ಕೊನೀ ಸಾಲು ಕುಂಟತಿತ್ತು, ಗೊತ್ತಿತ್ತು ನನಗ.
ಇಲಾಖೆಗೆ ಶಿಸ್ತು ಬೇಕು, ಮಾತ್ರೆ ಯಾರು ಎಣಿಸ್ತಾರ
ಅಂತ ಬಿಟ್ಟಿದ್ದೆ.

ಮೂರನೇ ದಿನಕ್ಕ ಕೇಳಿತು ಇದು, ಮೂತ್ರಿ ಗ್ವಾಡಿ ಆಚೆಯಿಂದ.
ಲಾಡಸಾಬನ ಅಂಗೈಗೆ ನಾಕು. ಯಮನೂರನ ಅಂಗೈಗೆ ನಾಕು.
ಕಟ್ಟಿದವರು ಯಾರಲೇ?
ಬಾಯಿ ಬಿಡಲಿಲ್ಲ ಇಬ್ಬರೂ.
ಬಾಗಿಲ ಬದಿ ಕಸ ಗುಡಿಸತಿದ್ದ ಕಾಶವ್ವ
ಸೆರಗು ಬಾಯಿಗೆ ಹಿಡಿದು ಕೆಮ್ಮಿದಳು.
ಧೂಳಿಗೆ ಅಂದುಕೊಂಡೆ.

ಹಗ್ಗ ಹಿಡಿದವ ಮೊಬೈಲ್ ಬೆಳಕು ನನ್ನ ಮಾರಿಗೆ ಬಿಟ್ಟ.
"ಯವ್ವಾ, ಮಾಸ್ತರ್ರು!"
ಹಗ್ಗ ನೆಲಕ್ಕ ಬಿತ್ತು, ಡಬ್ಬಿ ಸುಮ್ಮಾದವು.
ಲಾಡಸಾಬ. ತಲಿ ಬೋಳಾಗೇದ, ಹೊಟ್ಟಿ ಬಂದೇದ,
ಅಂಗೈ ಮಾತ್ರ ತಾನಾಗೇ ಬೆನ್ನ ಹಿಂದ ಹೋತು.

"ನಿಲ್ಲಿಸಿದ್ರ್ಯಾಕ? ಮುಂದಿಂದು ಹಾಡ್ರಿ," ಅಂದಳು ನೀಲಗಂಗಾ.
ಅವರು ನನ್ನ ನೋಡಿದರು. ನಾ ಮುದುಕನ ನೋಡಿದೆ.

  ಬಿಡು ಬಿಡು ಎಂದಳು ಬೊಚ್ಚಜ್ಜಿ
  ಗಡಗಡ ಅಂದಿತು ಹಳೆಮಂಚ
  ವರ್ಷವೆ ಮುಗಿದರು ಮುಗಿವಲ್ದು
  ಅಜ್ಜನು ಹಂಚುವ ಸಿಹಿತಿಂಡಿ

ನನ್ನ ಸಿಹಿತಿಂಡಿ!
ನಾ ಪೊಟ್ಟಣ ಕಟ್ಟಿ ಇಟ್ಟಿದ್ದನ್ನ ಬಿಚ್ಚಿ ತಿಂದಿದ್ದರು.

"ನಾವಲ್ರಿ ಸರ," ಅಂದ ಲಾಡಸಾಬ, "ಕಾಶವ್ವ ಕಟ್ಟಿದ್ದು.
ನೀವು ಬೋರ್ಡ್ ಒರಸಿ ಹೋಗೂದು ತಡ,
ಕಸಬರಿಗಿ ನೆಲಕ್ಕ ಬಡಕೋತ ತಾಳ ಹಾಕತಿದ್ಲು."
ಪಗಾರದ ಪುಸ್ತಕದಾಗ ಹೆಬ್ಬೆಟ್ಟು ಒತ್ತತಿದ್ದ ಕಾಶವ್ವ.
ಬೈನಾದ ಗುಡಿಸಲಾ ಕೆಡವಿದ ವರ್ಷ ಊರಿಗೆ ಹೋದಾಕಿ
ಯಾವ ಊರಂತ ಯಾರಿಗೂ ಗೊತ್ತಿಲ್ಲ.

ನೂರರ ನೋಟು ತೆಗೆದೆ.
ಐವತ್ತು ಮುದುಕಗ, ಐವತ್ತು ಕಾಶವ್ವನ ಹೆಸರಿಗೆ.
"ಬ್ಯಾಡ್ರಿ ಸರ," ಅಂದ ಯಮನೂರ,
"ಆ ಎಂಟು ಏಟಿನ ಬಾಕಿ ಅಂತ ಇಸ್ಕೋತೀವಿ."

ಹನ್ನೆರಡಕ್ಕ ಬಂದರಿನಾಗ ಹಡಗು ಎಲ್ಲಾ ಒಮ್ಮೆಲೇ ಒದರಿದವು,
ಎಲ್ಲೋ ಮುದುಕನ ಹೊಟ್ಟಿ ಸಿಡಿದ ಸಪ್ಪಳ.
ನಾ ಹಾಸಿಗಿ ಮ್ಯಾಲ ಬೆರಳಗಂಟು ಎಣಿಸತಿದ್ದೆ:
ಹಿಡಿದನು, ನಾಕು. ಬೆಕ್ಕಿನ, ನಾಕು. ಬಿಸಿಬಾ, ನಾಕು. ಲ, ಒಂದು.
ಎಲ್ಲೂ ಕುಂಟಿಲ್ಲ.
ಮತ್ತೊಮ್ಮೆ ಎಣಿಸಿದೆ.

ನೀಲಗಂಗಾ ಫ್ಯಾನು ಐದಕ್ಕ ಹಚ್ಚಿ ಬಂದು
ಕೌದಿ ಹೊದ್ದಳು.
ಸ್ವಲ್ಪ ಹೊತ್ತಿನ ಮ್ಯಾಲ, ಗ್ವಾಡಿ ಕಡೆ ಮಾರಿ ಮಾಡಿ, ಮೆಲ್ಲಕ:
"ಬೆಕ್ಕು ಹೊರಗ ಐತಿ."